ಹಗ್ಗದ ಮಂಚದ ಲೆಕ್ಕ

ನನಗೆ ಸೂಜಿಗೆ ದಾರ ಪೋಣಿಸಲು ಬರುವುದಿಲ್ಲ. ಇದನ್ನು ಮೊದಲೇ ಒಪ್ಪಿಕೊಂಡುಬಿಡುವುದು ಒಳ್ಳೆಯದು. ಮುಂದೆ ನಾನು ನೇಯ್ಗೆಯ ಬಗ್ಗೆ ದೊಡ್ಡ ದೊಡ್ಡ ಮಾತಾಡಲಿದ್ದೇನೆ. ನನ್ನ ಹೆಂಡತಿ ಗಿರಿಜ ಅದನ್ನು ಓದಿ ಈ ವಿಷಯವನ್ನು ನಿಮ್ಮ ಕಿವಿಗೆ ಹಾಕುವುದಕ್ಕಿಂತ ನಾನೇ ಹೇಳಿದರೆ ಮರ್ಯಾದೆ ಸ್ವಲ್ಪವಾದರೂ ಉಳಿದೀತು.

ಹಿರಿಯೂರಿನ ಕಾಲೇಜೊಂದರಲ್ಲಿ ಗಣಿತ ಪಾಠ ಮಾಡಿ ನಿವೃತ್ತನಾದವನು ನಾನು. ನಿವೃತ್ತರಿಗೆ ಒಂದೊಂದು ಹುಚ್ಚು ಹಿಡಿಯುತ್ತದೆ. ಕೆಲವರಿಗೆ ವಾಕಿಂಗು, ಕೆಲವರಿಗೆ ಮಠದ ಸಮಿತಿ, ಕೆಲವರಿಗೆ ಸಕ್ಕರೆ ಕಾಯಿಲೆಯ ಔಷಧಿ ಹಂಚುವುದು. ನನಗೆ ಹಿಡಿದದ್ದು ಹಳೆಯ ಮಗ್ಗಗಳ ಹುಚ್ಚು. ಮುನ್ನೂರು ನಾನೂರು ವರ್ಷದ ಹಿಂದಿನ ನೇಕಾರರು ಗಣಿತಕ್ಕೂ ವಿಜ್ಞಾನಕ್ಕೂ ಏನೇನು ಕೊಟ್ಟರು ಎಂದು ಓದುವುದು, ಓದಿದ್ದನ್ನು ಯಾರ ಮೇಲಾದರೂ ಸುರಿಯುವುದು. ಬಬ್ಬೂರು ಫಾರಂನಲ್ಲಿ ಮೈಕು ಕೊಟ್ಟು ಕರೆದಿದ್ದರು, ಮಾತಾಡಿದೆ. ಹೊಳಲ್ಕೆರೆಯ ಮದುವೆಯೊಂದರಲ್ಲಿ ಯಾರೂ ಕರೆದಿರಲಿಲ್ಲ, ಆದರೂ ಪಂಕ್ತಿಯಲ್ಲಿ ಪಕ್ಕ ಕೂತವರಿಗೆ ಪಾಯಸ ಬರುವ ತನಕ ಮಾತಾಡಿದೆ. ಒಮ್ಮೆ ಬಸ್ಸಿನಲ್ಲಿ ಪಕ್ಕದ ಸೀಟಿನವನಿಗೆ ಶುರು ಮಾಡಿದ್ದೆ. ಪಾಪ, ಅವನು ಚಿತ್ರದುರ್ಗಕ್ಕೆ ಟಿಕೆಟ್ಟು ತಗೊಂಡಿದ್ದವನು ಐಮಂಗಲದಲ್ಲೇ ಇಳಿದುಬಿಟ್ಟ.

ನೀವು ಇಳಿದು ಹೋಗುವಂತಿಲ್ಲವಾದ್ದರಿಂದ ಸ್ವಲ್ಪ ಹೇಳುತ್ತೇನೆ. ಹಾಲೆಂಡಿನಲ್ಲಿ ಒಬ್ಬ ಬಟ್ಟೆ ವ್ಯಾಪಾರಿ ಇದ್ದ. ಬಟ್ಟೆಯ ಎಳೆ ಎಣಿಸಿ ನೋಡಲು ಗಾಜಿನ ಮಸೂರ ಹಿಡಿಯುವುದು ಆ ವ್ಯಾಪಾರದವರ ರೂಢಿ. ಇವನಿಗೆ ಮಸೂರ ತಿಕ್ಕುವುದೇ ಚಟವಾಗಿ, ಒಂದು ದಿನ ಕೆರೆಯ ನೀರಿನ ಹನಿಯನ್ನು ಅದರ ಕೆಳಗಿಟ್ಟ. ಅಲ್ಲಿ ಯಾರೂ ಕಂಡಿರದ ಸಣ್ಣ ಸಣ್ಣ ಜೀವಿಗಳು ಮಿಜಿಗುಟ್ಟುತ್ತಿದ್ದವು. ಲಂಡನ್ನಿನ ರೇಷ್ಮೆ ನೇಕಾರರು ಸಂಜೆ ಮಗ್ಗ ಬಿಟ್ಟೆದ್ದು ಒಂದೆಡೆ ಸೇರಿ, ಹೊಗೆ ಸೇದುತ್ತಾ ರೇಖಾಗಣಿತ ಬಿಡಿಸುತ್ತಿದ್ದರಂತೆ. ಒಬ್ಬ ಏನಾದರೂ ಕೇಳಿದರೆ ಗೊತ್ತಿದ್ದವನು ಹೇಳಿಕೊಡಲೇಬೇಕು, ತಪ್ಪಿದರೆ ದಂಡ. ನಮ್ಮ ಬನಾರಸಿನವರು ಸೀರೆಯ ಹೂವನ್ನು ಮೊದಲು ದಾರದಲ್ಲೇ ಕಟ್ಟಿಟ್ಟುಕೊಳ್ಳುತ್ತಿದ್ದರು; ಯಾವ ಎಳೆ ಏಳಬೇಕು, ಯಾವುದು ಕೂರಬೇಕು ಅನ್ನುವುದೆಲ್ಲ ಆ ದಾರದ ನೆನಪಿನಲ್ಲಿ. ಫ್ರಾನ್ಸಿನವರು ಅದನ್ನೇ ರಟ್ಟಿನಲ್ಲಿ ತೂತು ಕೊರೆದು ಬರೆದರು. ಲೆಕ್ಕ ಮಾಡುವ ಯಂತ್ರದ ಕನಸು ಕಂಡವರು ಆ ತೂತಿನ ರಟ್ಟನ್ನೇ ಎರವಲು ತಗೊಂಡರು. ಒಟ್ಟಿನಲ್ಲಿ ಎಳೆ ಎತ್ತು, ಇಲ್ಲವೇ ಬಿಡು. ಒಂದು, ಇಲ್ಲವೇ ಸೊನ್ನೆ. ನಿಮ್ಮ ಕೈಯಲ್ಲಿರುವ ಮೊಬೈಲು ಕೂಡ ಒಳಗೊಳಗೇ ಇಷ್ಟನ್ನೇ ಮಾಡುತ್ತಿದೆ.

ಈ ಭಾಷಣವನ್ನು ಅತಿ ಹೆಚ್ಚು ಸಲ ಕೇಳಿದವಳು ನನ್ನ ಅವ್ವ. ಕಿವಿ ಮಂದವಾದ್ದರಿಂದ ಅವಳಿಗೆ ತೊಂದರೆಯಾಗಿರಲಿಲ್ಲ. ಆದರೆ ಒಂದು ದಿನ ಪೂರ್ತಿ ಕೇಳಿಸಿಬಿಟ್ಟಿತೋ ಏನೋ, ಮಧ್ಯೆ ತಡೆದು, ಹಂಗಾರೆ ನಿನಗೆ ಹೆಣೆಯೋದು ಬರ್ತೈತೆ ಅಂತಾಯ್ತು, ಪಲ್ಲವಿಗೆ ಒಂದು ಹಗ್ಗದ ಮಂಚ ಹೆಣೆದುಕೊಡು ಅಂದಳು. ಗಿರಿಜ ಕಾಫಿ ಲೋಟ ಕೆಳಗಿಟ್ಟು ನಕ್ಕಳು.

ಪಲ್ಲವಿ ನಮ್ಮ ಮಗಳು. ಹೊಸದುರ್ಗಕ್ಕೆ ಕೊಟ್ಟಿದ್ದೇವೆ. ಚೊಚ್ಚಲ ಹೆರಿಗೆಗೆ ಬರುವವಳಿದ್ದಳು. ಅವಳಿಗಾಗಿ ನಾನು ಆಗಲೇ ಪ್ಲೈವುಡ್ಡಿನ ಮಂಚ, ಮೆತ್ತನೆಯ ಹಾಸಿಗೆ ತರಿಸಿದ್ದೆ. ಅವ್ವ ಅದನ್ನು ಬೆರಳಲ್ಲಿ ಒತ್ತಿ ನೋಡಿ, ಇದರ ಕೆಳಗೆ ಕೆಂಡ ಇಟ್ಟರೆ ಕಾವು ಹೆಂಗೆ ಮೇಲೇರುತ್ತೆ ಅಂತ ಕೇಳಿದ್ದಳು. ಬಾಣಂತಿ ಹಗ್ಗದ ಮಂಚದ ಮೇಲೆ ಮಲಗಬೇಕು, ಕೆಳಗಿನಿಂದ ಸಾಂಬ್ರಾಣಿ ಹೊಗೆ, ಕೆಂಡದ ಬಿಸಿ ಬೆನ್ನಿಗೆ ತಾಗಬೇಕು. ಅವ್ವ ಹಾಗೇ ಮಲಗಿದ್ದಳು, ಅವಳ ಅವ್ವ ಹಾಗೇ ಮಲಗಿದ್ದಳು. ಅವ್ವ ಈಚೆಗೆ ಏನನ್ನೂ ಬೇಕು ಅನ್ನುವುದಿಲ್ಲ. ಊಟಕ್ಕೆ ಏನು ಮಾಡಲಿ ಅಂದರೆ ಏನಾದ್ರೂ ಮಾಡ್ರಿ ಅನ್ನುತ್ತಾಳೆ, ಹಬ್ಬಕ್ಕೆ ಸೀರೆ ಅಂದರೆ ಇರೋವೇ ಉಟ್ಟು ಮುಗಿಯಲ್ಲ ಅನ್ನುತ್ತಾಳೆ. ಅಂಥವಳು ಬಾಯಿಬಿಟ್ಟು ಕೇಳಿದ್ದು ಇದೊಂದು. ಇಲ್ಲ ಅನ್ನಲು ನನಗೆ ಮನಸ್ಸು ಬರಲಿಲ್ಲ.

ಅಟ್ಟದ ಮೇಲಿದ್ದ ಹಳೆಯ ಮಂಚದ ಚೌಕಟ್ಟು ಇಳಿಸಿದೆವು. ಹಗ್ಗದ ಅಂಗಡಿಯವನು ನೈಲಾನ್ ಕೊಡಲು ಬಂದ. ಬಡಿದಾಡಿ ಕತ್ತಾಳೆ ನಾರಿನ ಹಗ್ಗವನ್ನೇ ತಂದೆ. ಅವ್ವನನ್ನು ಪಡಸಾಲೆಯಲ್ಲಿ ಕುರ್ಚಿ ಹಾಕಿ ಕೂರಿಸಿ, ಹೇಗೆ ಹೆಣೆಯುವುದು ಹೇಳವ್ವ ಅಂದೆ. ಅಲ್ಲಿ ಶುರುವಾಯಿತು ನೋಡಿ ಫಜೀತಿ. ಅವ್ವನಿಗೆ ಅರ್ಧ ಮಂಚ ಮಾತ್ರ ಗೊತ್ತಿತ್ತು.

ಹಗ್ಗದ ಮಂಚವನ್ನು ಒಬ್ಬರೇ ಹೆಣೆಯುವುದಿಲ್ಲ. ಆ ಕಡೆ ಒಬ್ಬರು, ಈ ಕಡೆ ಒಬ್ಬರು ಎದುರುಬದುರು ಕೂರಬೇಕು. ಹಗ್ಗ ಮೂಲೆಯಿಂದ ಮೂಲೆಗೆ ಓರೆಯಾಗಿ ಹೋಗುತ್ತದೆ. ಈಕೆ ಎರಡು ಎಳೆ ಎತ್ತಿ, ಎರಡು ಬಿಟ್ಟು, ಹಗ್ಗ ತೂರಿಸಿ ಆಕೆಗೆ ಕೊಡಬೇಕು. ಆಕೆ ತನ್ನ ಅರ್ಧದಲ್ಲಿ ಹೆಣೆದು ವಾಪಸು ಕೊಡಬೇಕು. ಅವ್ವ ಜೀವಮಾನವೆಲ್ಲ ಈ ಕಡೆ ಕೂತವಳು. ಆ ಕಡೆ ಕೂರುತ್ತಿದ್ದವಳು ಅವಳ ವಾರಗಿತ್ತಿ, ಅಂದರೆ ನನ್ನ ಚಿಕ್ಕಪ್ಪನ ಹೆಂಡತಿ, ನಮ್ಮ ಚಿಕ್ಕವ್ವ. ಆ ಕಡೆ ಹೇಗೆ ಅಂತ ಕೇಳಿದರೆ ಅವ್ವ ಸಿಡುಕಿದಳು: "ನನ್ನ ಕಡೆ ನಾನು ಹೆಣೀತಿದ್ದೆ, ಅವಳ ಕಡೆ ಅವಳು ಹೆಣೀತಿದ್ಲು. ಅವಳೇನು ಮಾಡ್ತಾಳೆ ಅಂತ ನಾನ್ಯಾಕೆ ಬಗ್ಗಿ ನೋಡ್ಲಿ?"

ಚಿಕ್ಕವ್ವನನ್ನೇ ಕೇಳೋಣವೆಂದರೆ ಅದಕ್ಕೊಂದು ಅಡ್ಡಿಯಿತ್ತು. ನನ್ನ ಮದುವೆಯ ಊಟದಲ್ಲಿ ಅವ್ವ ಹೋಳಿಗೆಗೆ ತುಪ್ಪ ಬಡಿಸುತ್ತಾ ಬಂದವಳು ಚಿಕ್ಕವ್ವನ ಎಲೆ ದಾಟಿ ಮುಂದೆ ಹೋಗಿಬಿಟ್ಟಿದ್ದಳು. ಕಾಣಲಿಲ್ಲ ಅಂತ ಅವ್ವ. ಕಂಡೇ ದಾಟಿದಳು ಅಂತ ಚಿಕ್ಕವ್ವ. ಅವತ್ತು ಬಿಟ್ಟ ಮಾತು ನನ್ನ ಮಗಳು ಬಸುರಿಯಾಗುವ ತನಕ ಬಿಟ್ಟೇ ಇತ್ತು. ಚಿಕ್ಕವ್ವ ಐಮಂಗಲದಲ್ಲಿ, ನಾವು ಹಿರಿಯೂರಿನಲ್ಲಿ. ಬಸ್ಸಿನಲ್ಲಿ ಎಷ್ಟು ಹೊತ್ತಿನ ದಾರಿ ಹೇಳಿ. ಆದರೂ ಮದುವೆ ಮುಂಜಿಗಳಲ್ಲಿ ಒಬ್ಬರು ಬೆಳಿಗ್ಗೆ ಬಂದರೆ ಇನ್ನೊಬ್ಬರು ಮಧ್ಯಾಹ್ನ ಬರುತ್ತಿದ್ದರು.

ಹೋಗಲಿ, ಗಣಿತ ಯಾವುದಕ್ಕಿದೆ ಅಂದುಕೊಂಡೆ. ಅರ್ಧ ಗೊತ್ತಿದ್ದರೆ ಇನ್ನರ್ಧವನ್ನು ಸಮ್ಮಿತಿಯಿಂದ ಕಂಡುಹಿಡಿಯಬಹುದು. ಈ ಮಾತನ್ನು ನಾನು ಮಕ್ಕಳಿಗೆ ಹೇಳಿ ಹೇಳಿ ಸಂಬಳ ತಗೊಂಡವನು. ಚೌಕುಳಿ ಹಾಳೆ ತಂದು ಅವ್ವನ ಕಡೆಯದಕ್ಕೆ ಒಂದು, ಸೊನ್ನೆ ಬರೆದೆ. ಅದನ್ನು ಮಗುಚಿ ಆ ಕಡೆಯದನ್ನೂ ಬರೆದೆ. ಅವ್ವ ತನ್ನ ಅರ್ಧ ಹೆಣೆದಳು. ಕೈಗೆ ಅಭ್ಯಾಸ ಹೋಗಿರಲಿಲ್ಲ. ನನ್ನ ಅರ್ಧವನ್ನು ನಾನು ಹಾಳೆ ನೋಡಿ ಹೇಳಿದೆ, ಗಿರಿಜ ಹೆಣೆದಳು. ಸಂಜೆ ಹೊತ್ತಿಗೆ ಮಂಚ ಎಷ್ಟು ಚೆಂದ ಕಂಡಿತು ಅಂದರೆ ಅಕ್ಕಪಕ್ಕದವರು ಬಂದು ನೋಡಿ ಹೋದರು. ನಾನು ಅವರಿಗೆ ಹಾಲೆಂಡಿನಿಂದ ಶುರು ಮಾಡಿ ಬನಾರಸಿನವರೆಗೆ ಹೇಳಿ, ಕೊನೆಗೆ ಒಂದು ಪ್ರಯೋಗ ಇರಲಿ ಅಂತ ಮಂಚದ ಮೇಲೆ ಗತ್ತಿನಿಂದ ಕೂತೆ.

ಕೂತದ್ದು ನನ್ನ ಅರ್ಧದ ಮೇಲೆ. ಹಗ್ಗಗಳು ಸದ್ದಿಲ್ಲದೆ ಎರಡು ಪಕ್ಕಕ್ಕೆ ಸರಿದವು. ನಾನು ನಡುವಿನಿಂದ ಇಳಿದು ನೆಲ ಮುಟ್ಟಿದೆ. ಮೊಣಕಾಲು ಗದ್ದಕ್ಕೆ ಬಂದಿತ್ತು, ಕೈ ಎತ್ತಿದರೆ ಹಿಡಿಯಲು ಏನೂ ಇರಲಿಲ್ಲ. ಒಂದು ದಿಕ್ಕಿನ ಹಗ್ಗವೆಲ್ಲ ಮೇಲೆ, ಇನ್ನೊಂದು ದಿಕ್ಕಿನದೆಲ್ಲ ಕೆಳಗೆ. ಅಂದರೆ ನಾನು ಹೆಣೆಸಿದ್ದು ಹೆಣಿಗೆಯೇ ಅಲ್ಲ, ಒಂದರ ಮೇಲೊಂದು ಸುಮ್ಮನೆ ಮಲಗಿದ್ದ ಎರಡು ಸಾಲು. ಅವ್ವನ ಅರ್ಧ ಮಾತ್ರ ಬಿಗಿಯಾಗಿ ಹಾಗೇ ನಿಂತಿತ್ತು. ಗಿರಿಜ ನಕ್ಕೂ ನಕ್ಕೂ ಗೋಡೆ ಹಿಡಿದು ಕೂತಳು. ಅಕ್ಕಪಕ್ಕದವರೇ ನನ್ನನ್ನು ಎತ್ತಿ ಹೊರಗೆ ತೆಗೆದರು.

ಅವ್ವ ನಗಲಿಲ್ಲ. ಜೋತ ಹಗ್ಗದ ತುದಿಯನ್ನು ಮಂಚದ ಕಾಲಿಗೆ ಸುತ್ತಿದಳು. "ಹೋಗ್ಲಿ ಬಿಡಪ್ಪ, ಪ್ಲೈವುಡ್ಡೇ ಆಗ್ಲಿ. ಈಗೆಲ್ಲ ಯಾರು ಹಗ್ಗದ ಮಂಚದ ಮ್ಯಾಲೆ ಮಲಗ್ತಾರೆ" ಅಂದು ಒಳಗೆ ಹೋದಳು. ನನಗೆ ಬಿದ್ದದ್ದು ನೋಯಲಿಲ್ಲ, ಇದು ನೋಯಿತು. ಬೇಕು ಅಂದವಳು ಬೇಡ ಅನ್ನಲು ಇಷ್ಟು ಬೇಗ ಒಪ್ಪಬಾರದಿತ್ತು.

ಮರುದಿನ ಯಾರಿಗೂ ಹೇಳದೆ ಐಮಂಗಲಕ್ಕೆ ಹೋದೆ. ಚಿಕ್ಕವ್ವ ಮೊದಲು ತುಪ್ಪದ ಕಥೆಯನ್ನು ಪೂರ್ತಿ ಹೇಳಿದಳು. ಅವತ್ತು ಪಂಕ್ತಿಯಲ್ಲಿ ತನ್ನ ಎಡಕ್ಕೆ ಯಾರು, ಬಲಕ್ಕೆ ಯಾರು ಎಂಬುದೂ ಅವಳಿಗೆ ನೆನಪಿತ್ತು. ನಾನು ಹೂಂಗುಟ್ಟಿ, ಆಮೇಲೆ ಲಂಡನ್ನಿನ ನೇಕಾರರ ದಂಡದ ವಿಷಯ ತೆಗೆದು, ಗೊತ್ತಿದ್ದವರು ಹೇಳಿಕೊಡಲೇಬೇಕು ಚಿಕ್ಕವ್ವ ಅಂದೆ. ಲಂಡನ್ನಿನವರು ಅವಳ ಮೇಲೆ ಯಾವ ಪರಿಣಾಮವನ್ನೂ ಮಾಡಲಿಲ್ಲ. ಆದರೂ ಪಲ್ಲವಿಯ ಹೆಸರು ಕೇಳಿ ಎದ್ದು ಬಂದಳು. ಬೆಂಚಿನ ಕಾಲಿಗೆ ದಾರ ಕಟ್ಟಿ, ನನ್ನನ್ನು ಎದುರು ಕೂರಿಸಿ, ತೋರಿಸಲು ನೋಡಿದಳು. ಕೈ ಮುಂದಕ್ಕೆ ಬರುತ್ತದೆ, ಅಲ್ಲೇ ನಿಲ್ಲುತ್ತದೆ. ಎರಡು ಸಲ, ಮೂರು ಸಲ. ಕೊನೆಗೆ ದಾರ ಬಿಸಾಕಿದಳು.

"ನಿಮ್ಮವ್ವ ಆ ಕಡೆಯಿಂದ ಹಗ್ಗ ಕೊಡ್ಲಿಲ್ಲ ಅಂದ್ರೆ ನನ್ನ ಕೈ ಏಳಾದೇ ಇಲ್ಲ ಕಣಲೇ" ಅಂದಳು.

ಹೀಗೆ ಹೇಳಿದ ಮೇಲೆ ಬಾರದೆ ಇರಲು ಅವಳಿಗೂ ಕಾರಣ ಉಳಿಯಲಿಲ್ಲ. ಒಂದು ಷರತ್ತು ಹಾಕಿದಳು: ಮಂಚ ಹೆಣೆಯುತ್ತಾಳೆ, ಅವ್ವನ ಕೂಡ ಮಾತಾಡುವುದಿಲ್ಲ. ಹಗ್ಗ ಹೆಣೆಯಾಕೆ ಮಾತ್ಯಾಕೆ ಬೇಕು ಅನ್ನುವುದು ಅವಳ ವಾದ. ಅವ್ವನಿಗೆ ತಿಳಿಸಿದರೆ ಅವಳದೂ ಅದೇ ವಾದ. ಒಂದೇ ಮನೆಯ ಸೊಸೆಯರಲ್ಲವೇ.

ಮೊದಲು ಹೆಣೆದದ್ದನ್ನೆಲ್ಲ ಬಿಚ್ಚಿ, ಪಡಸಾಲೆಯಲ್ಲಿ ಈ ಕಡೆ ಅವ್ವ, ಆ ಕಡೆ ಚಿಕ್ಕವ್ವ ಕೂತರು. ಅವ್ವ ಹಗ್ಗ ತೂರಿಸಿ ಕೊಟ್ಟಳು. ಚಿಕ್ಕವ್ವನ ಕೈ ತಾನಾಗಿ ಎದ್ದಿತು. ನಾನು ಚೌಕುಳಿ ಹಾಳೆ ಹಿಡಿದು ಪಕ್ಕದಲ್ಲಿ ನಿಂತೆ, ನನ್ನ ತಪ್ಪು ಎಲ್ಲಿತ್ತು ಅಂತ ನೋಡಬೇಕಿತ್ತು. ಗಣಿತದ ಮಾನ ಕಾಯಲು ಹೇಳುತ್ತೇನೆ, ಸಮ್ಮಿತಿಯ ತತ್ವ ಸರಿಯಾಗಿಯೇ ಇತ್ತು. ಎದುರು ಕೂತವಳ ಎಡಗೈ ನನ್ನ ಬಲಕ್ಕೆ ಬರುತ್ತದೆ ಅನ್ನುವುದನ್ನು ಮರೆತು, ಚಿಕ್ಕವ್ವನನ್ನು ನಾನು ಹಾಳೆಯಲ್ಲಿ ಅವ್ವನ ಪಕ್ಕಕ್ಕೇ ಕೂರಿಸಿಬಿಟ್ಟಿದ್ದೆ. ಇದನ್ನು ವಿವರಿಸಲು ಹೋದೆ. ಇಬ್ಬರೂ ಒಟ್ಟಿಗೆ ನನ್ನ ಕಡೆ ನೋಡಿದ ನೋಟಕ್ಕೆ ಹಾಳೆ ಮಡಿಚಿ ಜೇಬಿಗೆ ಹಾಕಿಕೊಂಡೆ.

ಮಾತಿಲ್ಲದೆ ಹೆಣೆಯುವುದು ಅವರಂದುಕೊಂಡಷ್ಟು ಸುಲಭವಿರಲಿಲ್ಲ. ಹಗ್ಗ ಬಿಗಿಯಾಗಬೇಕಾದರೆ ಒಬ್ಬರು ಎಳೆಯುವಾಗ ಇನ್ನೊಬ್ಬರು ಬಿಡಬೇಕು. ಮೊದಲು ಚಿಕ್ಕವ್ವ ಗೋಡೆಗೆ ಹೇಳುವವಳ ಹಾಗೆ "ಎಳಿ" ಅಂದಳು. ಅವ್ವ ಸೂರಿಗೆ ಹೇಳುವವಳ ಹಾಗೆ "ಬಿಡು" ಅಂದಳು. ಮಧ್ಯಾಹ್ನದವರೆಗೂ ಆ ಮನೆಯಲ್ಲಿ ಎರಡೇ ಮಾತು, ಎಳಿ, ಬಿಡು. ನನ್ನ ಒಂದು, ಸೊನ್ನೆ. ಇಡೀ ಪ್ರಪಂಚದ ಕಂಪ್ಯೂಟರುಗಳು ಈ ಎರಡರಲ್ಲೇ ಸಂಸಾರ ಮಾಡುತ್ತಿರುವಾಗ ಇವರಿಗೇನು ಕಡಿಮೆ. ಊಟಕ್ಕೆ ಎದ್ದ ಮೇಲೆ "ನಿನ್ನ ಬೆರಳು ಕೊಯ್ಕಂಡೈತಲ್ಲ" ಅನ್ನುವ ಮೂರನೆಯ ಮಾತು ಬಂತು. ಯಾರು ಯಾರಿಗೆ ಹೇಳಿದ್ದೆಂದು ನಾನು ಅಡುಗೆಮನೆಯಲ್ಲಿದ್ದದ್ದರಿಂದ ಗೊತ್ತಾಗಲಿಲ್ಲ.

ಮಂಚ ಮುಗಿಯಿತು. ಈ ಸಲ ನಾನು ಕೂರಲಿಲ್ಲ, ಗಿರಿಜ ಕೂತಳು, ಆಮೇಲೆ ಮಲಗಿದಳು, ಏಳಲು ಒಪ್ಪಲಿಲ್ಲ. ಚಿಕ್ಕವ್ವ ಹೊರಡಲು ಚೀಲ ತಗೊಂಡವಳು ಬಾಗಿಲಲ್ಲಿ ನಿಂತು, ಹೊಸ ಹಗ್ಗ, ನಾಳೆಗೆ ಸಡ್ಲ ಆಗ್ತೈತೆ, ಬಿಗಿ ಮಾಡಾಕೆ ಇಬ್ರು ಬೇಕು ಅಂದಳು. ಹಂಗಾರೆ ನಾಳೆತನಕ ಇರು ಅಂದಳು ಅವ್ವ. ಅಷ್ಟೇ. ಇಷ್ಟು ವರ್ಷದ ಜಗಳ ಮುರಿಯಲು ದೊಡ್ಡ ಸೀನು ಆಗಬಹುದು ಅಂತ ನಾನು ಕಾದಿದ್ದೆ, ಸ್ವಲ್ಪ ನಿರಾಸೆಯೇ ಆಯಿತು.

ನಾಳೆಯ ಹಿಂದೆ ನಾಡಿದ್ದು ಬಂತು, ಚಿಕ್ಕವ್ವ ಹೊರಡಲಿಲ್ಲ. ಪಲ್ಲವಿ ಬಂದಳು, ಹೆಣ್ಣು ಮಗು ಹುಟ್ಟಿತು. ಕೆಂಡ ಗಿಂಡ ಇಡಬೇಡಿ ಅಂತ ಡಾಕ್ಟರಮ್ಮ ಗದರಿದರು. ಅವ್ವ ಒಂದು ಚಿಟಿಕೆ ಸಾಂಬ್ರಾಣಿಗೆ ರಾಜಿಯಾದಳು. ಪ್ಲೈವುಡ್ಡಿನ ಮಂಚ ನನ್ನ ಪಾಲಿಗೆ ಬಂತು. ಮಗಳು ಹಗ್ಗದ ಮಂಚ ಬಿಟ್ಟು ಅಲ್ಲಾಡಲಿಲ್ಲ, ಬೆನ್ನಿಗೆ ಹಿತ ಅಂತೆ. ಅವ್ವ ಅದನ್ನು ಬೀದಿಯಲ್ಲಿ ಹೋಗುವವರಿಗೆಲ್ಲ ಹೇಳಿದಳು. ದಿನಾ ಬೆಳಿಗ್ಗೆ ಮಗಳು ಸ್ನಾನಕ್ಕೆ ಎದ್ದಾಗ ಅವ್ವ, ಚಿಕ್ಕವ್ವ ಎರಡು ಕಡೆ ಕೂತು ಎಳಿ, ಬಿಡು.

ಬಾಣಂತನ ಮುಗಿದು ಪಲ್ಲವಿ ಕೂಸು ಎತ್ತಿಕೊಂಡು ಹೊಸದುರ್ಗಕ್ಕೆ ಹೋದಳು. ಮಂಚದ ಮೇಲೆ ಈಗ ಬೆಕ್ಕು ಬಿಟ್ಟರೆ ಯಾರೂ ಮಲಗುವುದಿಲ್ಲ. ಖಾಲಿ ಮಂಚದ ಹಗ್ಗ ಸಡಿಲವಾಗಲು ವಿಜ್ಞಾನದಲ್ಲಿ ಕಾರಣವಿಲ್ಲ. ಇದು ನನಗೆ ಗೊತ್ತಿತ್ತು, ಆದರೆ ಯಾರೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ಒಂದು ಬೆಳಿಗ್ಗೆ ಚಿಕ್ಕವ್ವ ಎಷ್ಟು ಎಳೆದರೂ ಹಗ್ಗ ಒಂದು ಕೂದಲೆಳೆಯಷ್ಟೂ ಬರಲಿಲ್ಲ. ಅವಳು ಕೈ ಒರೆಸಿಕೊಂಡು, ಹಗ್ಗ ಕುಂತೈತೆ ಬಿಡು, ಇನ್ನೇನೈತೆ ನನಗಿಲ್ಲಿ ಕೆಲಸ, ನಾಳೆ ಹೊಂಡ್ತೀನಿ ಅಂದಳು. ಅವತ್ತು ಮಧ್ಯಾಹ್ನ ಊಟಕ್ಕೆ ಏನು ಮಾಡಲಿ ಅಂತ ಗಿರಿಜ ಕೇಳಿದ್ದಕ್ಕೆ, ಅವ್ವ ಏನಾದ್ರೂ ಮಾಡ್ರಿ ಅಂದಳು.

ನಾನು ಜೀವಮಾನದಲ್ಲಿ ಯಾವ ಪ್ರಯೋಗದ ಫಲಿತಾಂಶವನ್ನೂ ತಿದ್ದಿದವನಲ್ಲ. ಆದರೆ ಮರುದಿನ ಎಲ್ಲರಿಗಿಂತ ಮೊದಲೇ ಎದ್ದು, ದೀಪ ಕೂಡ ಹಾಕದೆ ಪಡಸಾಲೆಗೆ ಬಂದೆ. ಕಾಲುಗಡೆಯ ಗಂಟನ್ನು ಒಂದಿಷ್ಟು ಸಡಿಲ ಮಾಡಿದರೆ ಚಿಕ್ಕವ್ವ ಇನ್ನೊಂದು ವಾರ ಇರುತ್ತಾಳೆ ಅನ್ನುವುದು ನನ್ನ ಲೆಕ್ಕ.

ಅವ್ವ ಆಗಲೇ ಅಲ್ಲಿ ಕುಕ್ಕರಗಾಲಿನಲ್ಲಿ ಕೂತಿದ್ದಳು. ಉಗುರಿನಿಂದ ಗಂಟು ಕೆದಕುತ್ತಿದ್ದಳು. ನನ್ನನ್ನು ನೋಡಿ ನಾಚಲಿಲ್ಲ, ಗಾಬರಿಯೂ ಆಗಲಿಲ್ಲ.

"ಏನು ನೋಡ್ತೀಯ," ಅಂದಳು ಪಿಸುದನಿಯಲ್ಲಿ, "ಆ ಕಡೆದು ನೀನು ಬಿಚ್ಚು."