ಕೊನೆಯ ಸಾಲಿಗೆ ಮೊದಲು ಟೈಪಕ್ಕ ಕೇಳುವ ಪ್ರಶ್ನೆ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಕ್ರಿಮಿನಲ್ ಕೋರ್ಟಿನ ಗೇಟಿನ ಪಕ್ಕ, ತಗಡಿನ ಸೂರಿನಡಿ ಒಬ್ಬ ಹೆಂಗಸು ಟೈಪ್‌ರೈಟರಿನ ಹೊದಿಕೆ ತೆಗೆದು, ಹಲ್ಲುಜ್ಜುವ ಹಳೆಯ ಬ್ರಷ್ಷಿನಿಂದ ಅಚ್ಚಿನ ಸಂದಿಯ ಧೂಳು ಕೊಡವುತ್ತಿದ್ದಾರೆ. ವಕೀಲರಿಂದ ಕಾವಲುಗಾರನವರೆಗೆ ಎಲ್ಲರಿಗೂ ಅವರು ಟೈಪಕ್ಕ. ಎಡಗೈಯ ಎರಡು ಬೆರಳು ಮಡಚುವುದಿಲ್ಲ. "ಎಂಟರಲ್ಲೇ ಹೊಡೀತೀನಿ. ಹತ್ತಿದ್ದಾಗ ತಪ್ಪೇ ಜಾಸ್ತಿ ಆಗ್ತಿತ್ತು," ಎಂದು ನಗುತ್ತಾರೆ.

ಇಪ್ಪತ್ತೆರಡು ವರ್ಷಗಳಿಂದ ಇದೇ ಮೇಜು. ದಿನಕ್ಕೆ ಮೂವತ್ತು ಪುಟ. ಅದರಲ್ಲಿ ಎರಡು ಮೂರಾದರೂ ಬಾಕಿ ಇರುವ ಅರ್ಜಿಯನ್ನು ವಾಪಸ್ ಪಡೆಯುವ ಮೆಮೋ. ಯಾರದೇ ಆದರೂ ಕೊನೆಯ ಸಾಲು ಒಂದೇ: 'ಯಾರ ಒತ್ತಾಯವೂ ಇಲ್ಲದೆ, ಸ್ವಂತ ಇಚ್ಛೆಯಿಂದ.' ಆ ಸಾಲು ಬಂದಾಗ ಟೈಪಕ್ಕ ಕೈ ನಿಲ್ಲಿಸುತ್ತಾರೆ. ಜೊತೆಗೆ ಬಂದ ಮಾವ, ಭಾವ, ದೊಡ್ಡಪ್ಪಂದಿರನ್ನು ಗೇಟಿನಾಚೆ ಕಳಿಸಿ, ಅರ್ಜಿದಾರರನ್ನು ಎದುರಿನ ಸ್ಟೂಲಿನಲ್ಲಿ ಕೂರಿಸಿ ಕೇಳುತ್ತಾರೆ: "ನಿಜವಾಗ್ಲೂ ನಿಮಗೇ ಬೇಡ್ವಾ?"

ಹೌದೆಂದರೆ ಸಾಲು ಬೀಳುತ್ತದೆ. ಇಲ್ಲವೆಂದರೆ ಹಾಳೆ ಹೊರಗೆ. ಹೀಗಾಗಿ ಎಷ್ಟೋ ಗಿರಾಕಿಗಳು ಪಕ್ಕದ ಮೇಜು ಹಿಡಿದಿದ್ದಾರೆ. "ಒಳಗೆ ಜಡ್ಜ್ ಸಾಹೇಬ್ರೂ ಕೇಳ್ತಾರೆ. ಅಷ್ಟು ಜನರ ಮುಂದೆ ಯಾರು ಬಾಯಿ ಬಿಡ್ತಾರೆ ಹೇಳಿ?" ಎನ್ನುತ್ತಾರೆ ಟೈಪಕ್ಕ.

ಇಂದು ಯಂತ್ರದಲ್ಲಿರುವುದು ಅವರದೇ ಮೆಮೋ. ನಾಲ್ಕು ವರ್ಷದ ಹಿಂದೆ ಅಮ್ಮನ ಮನೆಯಲ್ಲಿ ಮಾತಿಗೆ ಮಾತು ಬೆಳೆದು, ಟೈಪಕ್ಕನ ತಮ್ಮ ಅವರ ಎಡಗೈಯ ಮೇಲೆ ಬಾಗಿಲು ಬಡಿದ. ಗಾಳಿಗೆ ಬಡಿದ ಬಾಗಿಲು ಎಂದು ಪೊಲೀಸರು ಪ್ರಕರಣ ಮುಗಿಸಿದರು. ಮತ್ತೆ ತನಿಖೆಯಾಗಲಿ ಎಂದು ಟೈಪಕ್ಕ ಇದೇ ಕೋರ್ಟಿಗೆ ಅರ್ಜಿ ಹಾಕಿದರು; ಅದರ ವಿಚಾರಣೆ ಇಂದು. ಅಂದಿನಿಂದ ಮನೆಯವರು ಮಾತು ಬಿಟ್ಟಿದ್ದಾರೆ. ಈಗಿನ ಬಾಡಿಗೆ ಕೋಣೆಯಲ್ಲಿ ಒಂದು ತಟ್ಟೆ, ಒಂದು ಲೋಟ. ನಾಲ್ಕು ವರ್ಷದಲ್ಲಿ ಮೊದಲ ಸಲ ನಿನ್ನೆ ಅಮ್ಮ ಫೋನ್ ಮಾಡಿದರು: "ನಂಗೂ ವಯಸ್ಸಾಯ್ತು ಕಣೇ. ಅದನ್ನ ವಾಪಸ್ ತಗೊಂಡು ಮನೆಗೆ ಬಾ. ಒಡಹುಟ್ಟಿದವನನ್ನ ಕೋರ್ಟು ಮೆಟ್ಟಿಲು ಹತ್ತಿಸ್ತಾರಾ?"

ವರ್ಷಗಟ್ಟಲೆ ಒಬ್ಬೊಬ್ಬರ ಹೆಸರನ್ನು ಮೂರು ಮೂರು ಸಲ ಕೂಗಿ ಗಂಟಲು ಒಡೆದುಕೊಂಡ ಕೋರ್ಟಿನ ಅಟೆಂಡರ್, ಕೋರ್ಟು ತೆರೆಯುವ ಮೊದಲೇ ಬಂದು ಸ್ಟೂಲಿನಲ್ಲಿ ಕೂರುತ್ತಾರೆ. "ಏನು ಟೈಪಕ್ಕ, ಮಿಷನ್ನು ಮುಷ್ಕರ ಹೂಡಿದ್ಯಾ?"

"ಇದು ನಂದು, ಅಣ್ಣ. ಊರಿಗೆಲ್ಲ ಕೇಳ್ತೀನಿ, ನನ್ನನ್ನ ಕೇಳೋರಿಲ್ಲ."

ಅಟೆಂಡರ್ ಬಗ್ಗಿ ಹಾಳೆಯನ್ನು ಓದುತ್ತಾರೆ. ನಗು ಇಳಿಯುತ್ತದೆ. "ನಾನೇ ಕೇಳ್ತೀನಿ ಬಿಡಿ. ನಿಜವಾಗ್ಲೂ ನಿಮಗೇ ಬೇಡ್ವಾ?"

"ಅಮ್ಮ ಬೇಕು, ಅಣ್ಣ."

"ನಾನು ಕೇಳಿದ್ದು ಅದಲ್ವಲ್ಲ."

ಟೈಪಕ್ಕ ಮಡಚದ ಬೆರಳುಗಳನ್ನು ಒಮ್ಮೆ ನೋಡಿಕೊಳ್ಳುತ್ತಾರೆ. ಆಮೇಲೆ ಉರುಳೆ ತಿರುಗಿಸಿ, ಹಾಳೆ ಹೊರತೆಗೆದು, ನಾಲ್ಕು ಮಡಿಕೆ ಮಾಡಿ ಮೇಜಿನ ಖಾನೆಯಲ್ಲಿಡುತ್ತಾರೆ.

"ಹನ್ನೊಂದಕ್ಕೆ ನನ್ನ ಹೆಸರು ಕೂಗ್ತೀರಲ್ಲ, ಮೂರು ಸಲ ಬೇಡ. ಒಂದೇ ಸಲ ಸಾಕು. ನಾನು ಬಾಗಿಲಲ್ಲೇ ನಿಂತಿರ್ತೀನಿ."