ಬಲಗಣ್ಣಿನ ಕೆಳರೆಪ್ಪೆ

ಬೇಲೂರಿನಲ್ಲಿರುವ ನನ್ನ ಬೀಗಿತ್ತಿಯ ಮನೆಯಲ್ಲಿ ನಾನು ಇವತ್ತಿಗೂ ಒಂದು ಲೋಟ ನೀರು ಮುಟ್ಟುವುದಿಲ್ಲ. ಮೊಮ್ಮಗಳನ್ನು ನೋಡಬೇಕು ಅನ್ನಿಸಿದಾಗ ಅರಸೀಕೆರೆಯಲ್ಲಿ ಬಸ್ಸು ಹತ್ತಿ ಹಳೇಬೀಡಿಗೆ ಹೋಗುತ್ತೇನೆ. ಆ ಕಡೆಯಿಂದ ಮಗಳು ಮಗುವನ್ನು ಕರೆದುಕೊಂಡು ಬರುತ್ತಾಳೆ. ಊರೂರಿನ ಜನ ದೇವಸ್ಥಾನದ ಕಲ್ಲು ನೋಡುತ್ತಿರುವಾಗ ನಾನು ಹುಲ್ಲಿನ ಮೇಲೆ ಕೂತು ಮೊಮ್ಮಗಳಿಗೆ ಚಿತ್ರಾನ್ನ ತಿನ್ನಿಸಿ ಸಂಜೆಯ ಬಸ್ಸಿಗೆ ವಾಪಸ್ಸು ಬರುತ್ತೇನೆ. ‘ಇಷ್ಟು ಹಟ ಒಳ್ಳೇದಲ್ಲ ಕಣ್ರೀ’ ಎಂದು ಬುದ್ಧಿ ಹೇಳುವವರಿಗೆ ನಮ್ಮ ಬೀದಿಯಲ್ಲಿ ಬರವಿಲ್ಲ. ಹೇಳಿಕೊಳ್ಳಲಿ. ನನ್ನ ಸಿಟ್ಟು ಇನ್ನೂ ಹೋಗಿಲ್ಲ, ಹೋಗಲಿ ಎಂದು ನಾನು ಕಾಯುತ್ತಲೂ ಇಲ್ಲ.

ಇದಕ್ಕೆಲ್ಲ ಕಾರಣ ನನ್ನ ಬಲಗಣ್ಣಿನ ಕೆಳರೆಪ್ಪೆ.

ಮಗಳಿಗೆ ಆಗ ತಿಂಗಳು ತುಂಬುತ್ತಾ ಬಂದಿತ್ತು. ಬೇಲೂರಿನಲ್ಲಿ ಅವಳ ಅತ್ತೆಯ ಮನೆಯಲ್ಲಿ ಸೀಮಂತ ಮುಗಿಸಿ, ಅಲ್ಲಿಂದಲೇ ಅವಳನ್ನು ಹೆರಿಗೆಗೆ ನಮ್ಮ ಮನೆಗೆ ಕರೆತರುವುದೆಂದು ಮಾತಾಗಿತ್ತು. ಚೊಚ್ಚಲು ಹೆರಿಗೆ ತವರಿನದು, ಅದರಲ್ಲಿ ಚರ್ಚೆ ಮಾಡುವುದಕ್ಕೆ ಏನೂ ಇಲ್ಲ. ನಾನು ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುವವಳು. ಪರೀಕ್ಷೆಯ ಪೇಪರು ತಿದ್ದುವ ಕೆಲಸವೂ ಅದೇ ಹೊತ್ತಿಗೆ ತಲೆಯ ಮೇಲೆ ಬಂದು ಕೂತಿತ್ತು. ಒಂದು ಕಡೆ ಪೇಪರಿನ ಕಟ್ಟು, ಇನ್ನೊಂದು ಕಡೆ ಬಾಣಂತಿಯ ಕೋಣೆಗೆ ಸುಣ್ಣ, ಅಂಟಿನುಂಡೆಗೆ ಕೊಬ್ಬರಿ, ಹಳೆಯ ಸೀರೆ ಹರಿದು ಮಗುವಿಗೆ ಬಟ್ಟೆ. ನಡುವೆ ಕಾಫಿ, ಮತ್ತೆ ಕಾಫಿ. ನಿದ್ದೆ ಅನ್ನುವುದು ನೆನಪಾದಾಗ ಮಾಡುವ ಕೆಲಸವಾಗಿತ್ತು.

ಹಾಗಿರುವಾಗ ಒಂದು ಮಧ್ಯಾಹ್ನ ರೆಪ್ಪೆ ಅದುರಲು ಶುರುವಾಯಿತು. ನೋವಿಲ್ಲ, ಉರಿಯಿಲ್ಲ. ಒಳಗಿನಿಂದ ಯಾರೋ ದಾರ ಹಿಡಿದು ಪುಟಪುಟನೆ ಎಳೆದು ಬಿಟ್ಟಂತೆ. ಬೆರಳಿಟ್ಟರೆ ನಿಲ್ಲುತ್ತದೆ, ತೆಗೆದರೆ ಮತ್ತೆ ಶುರು. ಕನ್ನಡಿಗೆ ಮೂಗು ತಾಗಿಸಿ ನೋಡಿದರೆ ಮಾತ್ರ ಕಾಣುವಷ್ಟು ಸಣ್ಣ ಅದುರು, ಆದರೆ ಒಳಗಿರುವವಳಿಗೆ ಇಡೀ ಮುಖವೇ ಕುಣಿಯುತ್ತಿದೆ ಅನ್ನಿಸುತ್ತದೆ. ನನ್ನ ಗಂಡ ಕೊಬ್ಬರಿ ಮಂಡಿಯಿಂದ ಊಟಕ್ಕೆ ಬಂದಾಗ ಹೇಳಿದೆ. ಆ ಮನುಷ್ಯ ಕೇಳಿದ ಮೊದಲ ಪ್ರಶ್ನೆ ನೋವಿದೆಯಾ ಎಂದಲ್ಲ.

“ಯಾವ ಕಣ್ಣು?” ಎಂದರು.

“ಬಲಗಣ್ಣು.”

ತಟ್ಟೆಯಿಂದ ತಲೆ ಎತ್ತಲಿಲ್ಲ. “ಹೆಂಗಸ್ರಿಗೆ ಬಲಗಣ್ಣು ಅದುರಬಾರದು ಕಣೇ” ಎಂದು ಸಾರಿಗೆ ಕೈ ಹಾಕಿದರು. ಇವರದ್ದು ಬಲಗಣ್ಣು ಅದುರಿದರೆ ಶುಭ, ಮಂಡಿಯಲ್ಲಿ ರೇಟು ಏರುತ್ತದೆಂದು ಶರಟಿನ ಕಾಲರು ಸರಿಮಾಡಿಕೊಂಡು ಹೋಗುತ್ತಾರೆ. ನನ್ನದು ಅದುರಿದರೆ ಕೇಡು. ಅದೇ ಕಣ್ಣು, ಅದೇ ರೆಪ್ಪೆ! ಸುಮ್ಮನಿರಬೇಕಿತ್ತಲ್ಲ, ಸಂಜೆ ತೆಂಗಿನ ಗರಿಯ ಚೂರೊಂದನ್ನು ಎಂಜಲು ಮಾಡಿ ನನ್ನ ರೆಪ್ಪೆಗೆ ಅಂಟಿಸಲು ಬಂದರು, ನಿಲ್ಲುತ್ತದಂತೆ. ಅಂಟಿಸಿಕೊಂಡೆ. ಗರಿಯ ಚೂರೂ ರೆಪ್ಪೆಯ ಜೊತೆ ಕುಣಿಯಿತು.

ಸೀಮಂತದ ದಿನ ಬಾಡಿಗೆ ಕಾರು ಮಾಡಿಕೊಂಡು ಬೇಲೂರಿಗೆ ಹೋದೆವು. ವಾಪಸ್ಸು ಬರುವಾಗ ಮಗಳ ಸೊಂಟಕ್ಕೆ ಕುಲುಕಾಟ ತಾಗದಿರಲೆಂದು ಹಿಂದಿನ ಸೀಟಿನ ಮೇಲೆ ಎರಡು ದಿಂಬು ಹಾಕಿಕೊಂಡಿದ್ದೆ. ಬೀಗರ ಹಜಾರದಲ್ಲಿ ಮಗಳು ಹಸಿರು ಸೀರೆಯಲ್ಲಿ ತುಂಬಿಕೊಂಡು ಕೂತಿದ್ದಳು. ನಾನು ಅವಳ ಕೈಗೆ ಹಸಿರು ಬಳೆ ಏರಿಸುತ್ತಿದ್ದೆ. ಎದುರಿಗೆ ಕೂತಿದ್ದ ಬೀಗಿತ್ತಿ ಬಳೆ ನೋಡುತ್ತಿರಲಿಲ್ಲ, ನನ್ನ ಮುಖ ನೋಡುತ್ತಿದ್ದರು.

“ಅದೇನ್ರೀ, ನಿಮ್ ಕಣ್ಣು ಅದುರ್ತಾ ಐತೆ?”

“ನಿದ್ದೆ ಇಲ್ಲ, ಅದಕ್ಕೆ” ಎಂದೆ.

“ಬಲಗಣ್ಣಲ್ವಾ?” ಎಂದರು. ಇಡೀ ಹಜಾರ ನನ್ನ ಕಡೆ ತಿರುಗಿತು. ಬಳೆಯ ಪೆಟ್ಟಿಗೆ ಹಿಡಿದಿದ್ದ ಹೆಂಗಸು ಕೂಡ ಬಗ್ಗಿ ನೋಡಿದಳು. ಆರತಿ ತಟ್ಟೆಗೆ ನಾನು ಕೈ ಚಾಚಿದಾಗ ಬೀಗಿತ್ತಿ ಅದನ್ನು ಮೆಲ್ಲಗೆ ಆ ಕಡೆ ಸರಿಸಿದರು. “ನೀವ್ ಕೂತ್ಕಳಿ, ಆರತಿ ಬೇರೆಯೋರು ಎತ್ತುತಾರೆ” ಎಂದರು. ಹೆತ್ತವಳು ನಾನು, ಗೋಡೆಗೆ ಒರಗಿ ಕೂತೆ. ಪಕ್ಕದ ಮನೆಯವಳು ಬಂದು ನನ್ನ ಮಗಳಿಗೆ ಆರತಿ ಎತ್ತಿದಳು.

ಅಷ್ಟಕ್ಕೇ ಮುಗಿದಿದ್ದರೆ ನುಂಗಿಕೊಂಡು ಬಿಡುತ್ತಿದ್ದೆನೇನೋ. ಊಟವಾದ ಮೇಲೆ ಮಗಳ ಬ್ಯಾಗು ಎತ್ತಿಕೊಂಡು ಹೊರಟರೆ ಬೀಗಿತ್ತಿ ಬಾಗಿಲಿಗೆ ಅಡ್ಡ ನಿಂತರು.

“ಬೇಜಾರ್ ಮಾಡ್ಕಬ್ಯಾಡಿ. ಆ ಕಣ್ಣು ನಿಲ್ಲೋಗಂಟ ನಾವು ಸೊಸೇನ ಕಳ್ಸಕ್ಕಿಲ್ಲ. ಹೊಟ್ಟೇಲಿರೋದು ನಮ್ ಮನೆ ಕೂಸು.”

“ನನ್ನ ಕಣ್ಣಿಗೂ ಅವಳ ಹೊಟ್ಟೆಗೂ ಏನ್ರೀ ಸಂಬಂಧ?”

“ಅದೆಲ್ಲ ನಮಗೆ ಗೊತ್ತಿಲ್ಲ. ಕಂಡೋರು ಹೇಳವ್ರೆ.”

ಅಳಿಯ ಮೊಬೈಲು ನೋಡುತ್ತಾ ಹಿತ್ತಲಿಗೆ ಹೋದ. ಮಗಳು ತಲೆ ತಗ್ಗಿಸಿ ಹೊಸ ಬಳೆಗಳನ್ನು ಮೊಣಕೈಯ ಕಡೆಗೆ ಸರಿಸುತ್ತಾ ಕೂತಿದ್ದಳು. ಪಾಪ, ಅತ್ತೆಯ ಎದುರು ಹೇಗೆ ಬಾಯಿ ಬಿಡುತ್ತಾಳೆ ಎಂದುಕೊಂಡೆ. ಖಾಲಿ ದಿಂಬುಗಳ ಪಕ್ಕದಲ್ಲಿ ಕೂತು ನಾನು ವಾಪಸ್ಸು ಹೊರಟೆ. ಜಾವಗಲ್ಲಿನ ಹತ್ತಿರ ಗಂಡ ಕಾರು ನಿಲ್ಲಿಸಿ, “ಎಳನೀರು ಕುಡೀತೀಯಾ?” ಎಂದರು.

“ನೀವೇ ಕುಡೀರಿ. ಮಗಳನ್ನ ಅಲ್ಲೇ ಬಿಟ್ಟು ಬಂದಿದ್ದೀವಲ್ಲ, ಹೊಟ್ಟೆ ತಣ್ಣಗಿರ್ಲಿ” ಎಂದೆ.

ಮಾರನೆಯ ದಿನ ಅರಸೀಕೆರೆಯಲ್ಲೇ ಒಬ್ಬ ಕಣ್ಣಿನ ಡಾಕ್ಟರ ಹತ್ತಿರ ಹೋದೆ. ನನ್ನ ಮಗಳಿಗಿಂತ ಸ್ವಲ್ಪ ದೊಡ್ಡ ಹುಡುಗಿ, ಚುರುಕು ಮಾತು. ನನ್ನ ಮೇಲಿನ ರೆಪ್ಪೆಯನ್ನು ಹತ್ತಿಯ ಕಡ್ಡಿಯ ಮೇಲೆ ಮಡಚಿ ಒಳಗನ್ನು ಹೊರಗೆ ಮಾಡಿಬಿಟ್ಟಳು. ನಾನು ಕುರ್ಚಿಯ ಹಿಡಿಯನ್ನು ಗಟ್ಟಿಯಾಗಿ ಹಿಡಿದುಕೊಂಡೆ. ಆಮೇಲೆ ರೆಪ್ಪೆಯನ್ನು ಬಿಟ್ಟು ಕೈಗೆ ಕನ್ನಡಿ ಕೊಟ್ಟಳು.

“ರೆಪ್ಪೆ ಅಂದ್ರೆ ಬರೀ ಚರ್ಮ ಅಂದ್ಕೊಂಡಿದ್ರಾ ಮೇಡಂ?” ಎಂದು ಕೇಳಿದಳು. ಹೌದು, ಹಾಗೇ ಅಂದುಕೊಂಡಿದ್ದೆ. ಮೈಯಲ್ಲೆಲ್ಲ ಅತಿ ತೆಳುವಾದ ಚರ್ಮ ಇದೇ ಅಂತೆ. ಅದರ ಕೆಳಗೆ ಕಣ್ಣಿನ ಸುತ್ತ ಲಂಗದ ಲಾಡಿಯ ಹಾಗೆ ಬಳಸಿಕೊಂಡಿರುವ ಒಂದು ಸ್ನಾಯು, ಎಳೆದರೆ ಕಣ್ಣು ಮುಚ್ಚುತ್ತದೆ. ರೆಪ್ಪೆಯನ್ನು ಎತ್ತುವುದಕ್ಕೆ ಬೇರೆ ಸ್ನಾಯು. ಅದರ ಹಿಂದೆ ರೆಪ್ಪೆ ಜೋತು ಬೀಳದ ಹಾಗೆ ಗಟ್ಟಿಯಾದೊಂದು ತೆಳು ಪಟ್ಟಿ, ಪಟ್ಟಿಯ ಒಳಗೆ ಎಣ್ಣೆ ಸುರಿಸುವ ಸಣ್ಣ ಗ್ರಂಥಿಗಳ ಸಾಲು. ಕೂದಲಿನ ಹಿಂದೆ ರೆಪ್ಪೆಯ ಅಂಚಿನಲ್ಲಿ ಅವುಗಳ ಬಾಯಿಗಳು ಚುಕ್ಕಿ ಚುಕ್ಕಿಯಾಗಿ ಕಾಣುತ್ತಿದ್ದವು. ಮೂಗಿನ ಕಡೆಯ ಮೂಲೆಯಲ್ಲಿ ಸೂಜಿಯಲ್ಲಿ ಚುಚ್ಚಿದಂಥ ಒಂದು ತೂತಿತ್ತು. ಅದನ್ನು ನಾನು ಮನೆಯಲ್ಲೇ ನೋಡಿ, ಉಜ್ಜಿ ಉಜ್ಜಿ ಗಾಯ ಮಾಡಿಕೊಂಡೆನಲ್ಲ ಎಂದು ಹೆದರಿದ್ದೆ.

“ಅದು ಕಣ್ಣೀರು ಮೂಗಿಗಿಳಿಯೋ ದಾರಿ. ಎಲ್ರಿಗೂ ಇರುತ್ತೆ. ಅತ್ರೆ ಮೂಗು ಸೋರೋದು ಅದಕ್ಕೇ” ಎಂದಳು. ಪಕ್ಕದಲ್ಲಿದ್ದ ಗುಲಾಬಿ ಬಣ್ಣದ ಮಾಂಸದ ಗಂಟೂ ಹುಟ್ಟಿನಿಂದ ಇರುವುದೇ, ಬೆಳೆದದ್ದಲ್ಲ.

ಅದುರುವುದರ ಬಗ್ಗೆ ಅವಳು ಹೆಚ್ಚು ಹೇಳಲಿಲ್ಲ. ಆ ಲಾಡಿಯ ನಾಲ್ಕು ಎಳೆ ತಮ್ಮಷ್ಟಕ್ಕೆ ತಾವು ಮಿಡಿಯುತ್ತಿವೆ. ನಿದ್ದೆಗೇಡು, ಕಾಫಿ, ಯೋಚನೆ, ಕಣ್ಣು ಒಣಗುವುದು, ಇವೆಲ್ಲ ಕಾರಣ. ತಾನಾಗಿ ನಿಲ್ಲುತ್ತದೆ. ವಾರಗಟ್ಟಲೆ ನಿಲ್ಲದಿದ್ದರೆ, ಕಣ್ಣು ಪೂರ್ತಿ ಮುಚ್ಚಿಕೊಂಡರೆ, ರೆಪ್ಪೆ ಜೋತುಬಿದ್ದರೆ, ಕೆನ್ನೆ ಬಾಯಿಯೂ ಜೊತೆಗೆ ಎಳೆದರೆ, ಕೆಂಪಾಗಿ ಊದಿದರೆ ಮತ್ತೆ ಬರಬೇಕು.

“ಎಡಗಣ್ಣಾದ್ರೂ ಇದೇ ತಾನೇ?” ಎಂದು ಕೇಳಿದೆ.

ಡಾಕ್ಟರು ನಕ್ಕಳು. “ನನ್ನ ಎರಡೂ ಕಣ್ಣು ಅದುರಿವೆ ಮೇಡಂ, ಪರೀಕ್ಷೆ ಟೈಮಲ್ಲಿ.”

ಹೊರಗೆ ಬರುವಾಗ ನನಗೆ ಸಮಾಧಾನವಾಗಲಿಲ್ಲ, ಮೈ ಉರಿಯಿತು. ಇಷ್ಟು ವರ್ಷ ಬೋರ್ಡಿನ ಮೇಲೆ ಕಣ್ಣಿನ ಚಿತ್ರ ಬರೆದಿದ್ದೇನೆ. ಮಸೂರ, ಪಾಪೆ, ಅಕ್ಷಿಪಟ, ಎಲ್ಲಕ್ಕೂ ಗೆರೆ ಎಳೆದು ಹೆಸರು ಬರೆಸಿದ್ದೇನೆ. ರೆಪ್ಪೆಗೆ ಮಾತ್ರ ಎರಡು ಬಾಗಿದ ಗೆರೆ, ಹೆಸರಿಲ್ಲ, ಅಂಕವಿಲ್ಲ. ಮಕ್ಕಳು ರೆಪ್ಪೆ ಬಿಟ್ಟರೂ ಪೂರ್ತಿ ಅಂಕ ಕೊಟ್ಟಿದ್ದೇನೆ. ನನ್ನ ಮಗಳು ಅದೇ ಕ್ಲಾಸಿನಲ್ಲಿ ಮುಂದಿನ ಬೆಂಚಿನ ಮೇಲೆ ಕೂತು ಆ ಚಿತ್ರ ಬರೆದವಳು.

ಡಾಕ್ಟರು ಹೇಳಿದ್ದನ್ನೆಲ್ಲ ಬೀಗಿತ್ತಿಗೆ ಫೋನಿನಲ್ಲಿ ಒಪ್ಪಿಸಿದೆ. ಪೂರ್ತಿ ಕೇಳಿಸಿಕೊಂಡರು. “ನಿಮ್ ಸೈನ್ಸು ನಿಮ್ ಇಸ್ಕೂಲಲ್ಲಿ ಇಟ್ಕಳಿ. ದಿನಾ ಬೆಳಿಗ್ಗೆ ವಿಡಿಯೋ ಕಾಲ್ ಮಾಡಿ, ಕಣ್ಣು ತೋರ್ಸಿ. ನಿಂತಿದ್ರೆ ಅವತ್ತೇ ಕಳುಸ್ತೀನಿ” ಎಂದರು.

ಎಂಥ ದರ್ಪ! ಆದರೂ ತೋರಿಸಿದೆ. ಮಗಳು ನನಗೆ ಬೇಕಿತ್ತು. ಕಾಫಿ ಬಿಟ್ಟೆ. ಬಿಸಿನೀರಿನಲ್ಲಿ ಅದ್ದಿ ಹಿಂಡಿದ ಬಟ್ಟೆಯನ್ನು ಕಣ್ಣಿನ ಮೇಲಿಟ್ಟುಕೊಂಡು ಮಲಗಿದೆ. ಬೆಳಿಗ್ಗೆ ಸ್ಕೂಲಿಗೆ ಹೊರಡುವ ಮುಂಚೆ ಕಿಟಕಿಯ ಹತ್ತಿರ ಕೂತು ಫೋನಿಗೆ ಕಣ್ಣು ಕೊಡುತ್ತಿದ್ದೆ, ಸಂತೆಯಲ್ಲಿ ದನದ ಹಲ್ಲು ನೋಡುವ ಹಾಗೆ ಆ ಕಡೆಯಿಂದ ನೋಡುತ್ತಿದ್ದರು. ಅದುರಬಾರದು ಎಂದು ಬಿಗಿ ಹಿಡಿದಷ್ಟೂ ಹಾಳಾದ್ದು ಹೆಚ್ಚು ಅದುರುತ್ತಿತ್ತು. ಫೋನು ಹಿಡಿಯುತ್ತಿದ್ದವಳು ಮಗಳು. “ಅಮ್ಮ, ಇನ್ನೊಂಚೂರು ಹತ್ರ ಬಾ” ಎನ್ನುತ್ತಿದ್ದಳು. ಅಮ್ಮನ ಮುಖ ನೋಡುವ ಆಸೆ ಎಂದುಕೊಂಡು ಹತ್ತಿರ ಹೋಗುತ್ತಿದ್ದೆ.

ಪೇಪರಿನ ಕೆಲಸ ಮುಗಿದು ನಾಲ್ಕು ದಿನ ಸರಿಯಾಗಿ ನಿದ್ದೆ ಮಾಡಿದ್ದೇ ತಡ, ಅದುರುವುದು ನಿಂತಿತು. ಯಾವಾಗ ನಿಂತಿತೆಂದು ನನಗೇ ಗೊತ್ತಾಗಲಿಲ್ಲ. ಇವತ್ತು ತೋರಿಸಿ ನಾಳೆ ಕಾರು ತರುತ್ತೇನೆಂದು ಫೋನು ಎತ್ತಿಕೊಳ್ಳುವಷ್ಟರಲ್ಲಿ ಆ ಕಡೆಯಿಂದಲೇ ಕರೆ ಬಂತು. ನೋವು ಬೇಗ ಶುರುವಾಗಿತ್ತು, ಬೇಲೂರಿನಲ್ಲೇ ಆಸ್ಪತ್ರೆಗೆ ಸೇರಿಸಿದ್ದರು. ನಾವು ಹೋಗಿ ಮುಟ್ಟುವ ಹೊತ್ತಿಗೆ ಹೆಣ್ಣುಮಗು ಹುಟ್ಟಿ ಆಗಿತ್ತು. ನಾನು ಸುಣ್ಣ ಹೊಡೆಸಿದ ಕೋಣೆ ಹಾಗೇ ಉಳಿಯಿತು.

ವಾರ್ಡಿನ ಒಳಗೆ ಮಗಳು ಸುಸ್ತಾಗಿ ಮಲಗಿದ್ದಳು, ಪಕ್ಕದಲ್ಲಿ ಬಟ್ಟೆಯಲ್ಲಿ ಸುತ್ತಿದ ಕೂಸು. ಬೀಗಿತ್ತಿ ಸ್ಟೂಲಿನ ಮೇಲೆ ಕೂತಿದ್ದರು. ನಾನು ಓಡಿಹೋಗಿ ಮಗುವಿನ ಮೇಲೆ ಬಗ್ಗಿದೆ.

“ಅಮ್ಮ, ನಿಲ್ಲು” ಎಂದಳು ಮಗಳು. “ಆ ಕಣ್ಣು ಮುಚ್ಕೊಂಡು ನೋಡು.”

ಬೀಗಿತ್ತಿ ಹೇಳಿದ್ದಲ್ಲ. ಬೀಗಿತ್ತಿ ಬಾಯಿಯನ್ನೇ ತೆರೆದಿರಲಿಲ್ಲ. ಹೇಳಿದವಳು ನಾನು ಹೆತ್ತ ಮಗಳು, ನನ್ನ ಕ್ಲಾಸಿನ ಮುಂದಿನ ಬೆಂಚಿನವಳು. ಸೀಮಂತದ ದಿನ ಅವಳು ಬಾಯಿ ಬಿಡದೆ ಕೂತಿದ್ದು, ಹತ್ರ ಬಾ ಎಂದು ಫೋನು ಹಿಡಿದದ್ದು ಎಲ್ಲ ಆಗ ಅರ್ಥವಾಯಿತು. ಅಂಗೈಯನ್ನು ಬಲಗಣ್ಣಿನ ಮೇಲೆ ಇಟ್ಟುಕೊಂಡೆ. ಅಂಗೈಯ ಕೆಳಗೆ ರೆಪ್ಪೆ ಸುಮ್ಮನಿತ್ತು, ಒಂದು ಎಳೆಯೂ ಮಿಡಿಯುತ್ತಿರಲಿಲ್ಲ. ಎಡಗಣ್ಣೊಂದರಲ್ಲೇ ಮೊಮ್ಮಗಳನ್ನು ನೋಡಿದೆ. ಈಗಷ್ಟೇ ಹುಟ್ಟಿದ ಕೂಸಿನ ಊದಿದ ರೆಪ್ಪೆಗಳು, ಒಳಗಿನ ನೀಲಿ ನರ ಕಾಣುವಷ್ಟು ತೆಳು.

ಆಗ ಮಗು ನಿದ್ದೆಯಲ್ಲೇ ತುಟಿ ಓರೆ ಮಾಡಿತು, ಒಂದು ರೆಪ್ಪೆ ಪುಟಪುಟ ಅದುರಿತು.

“ನೋಡಿ ನೋಡಿ, ದೇವ್ರು ಮಾತಾಡುಸ್ತಾ ಅವ್ನೆ!” ಎಂದು ಬೀಗಿತ್ತಿ ಹಿಗ್ಗಿದರು.

“ಯಾವ ಕಣ್ಣು ಅದುರ್ತಾ ಇದೆ, ಸರಿಯಾಗಿ ನೋಡಿ ಹೇಳಿ” ಎಂದೆ.

ಅವರು ಬಗ್ಗಿ ನೋಡಿ ಮಗುವಿಗೆ ಸುತ್ತಿದ ಬಟ್ಟೆಯ ಅಂಚು ಸರಿಮಾಡತೊಡಗಿದರು. ನಾನೇ ಹೇಳಿದೆ.

“ಬಲಗಣ್ಣು. ಹುಟ್ಟಿರೋದು ಹೆಣ್ಣು. ಇದನ್ನ ಯಾರ ಮನೆಗೆ ಕಳಿಸೋಣ ಹೇಳಿ? ಇದಕ್ಕೆ ಯಾರು ಬಾಗಿಲಿಗೆ ಅಡ್ಡ ನಿಲ್ತೀರಿ?”

ಮಗಳು ಕೈ ಚಾಚಿದಳು. ಆ ಕೈ ಹೋಗಿ ಮಗುವಿನ ಬಲಗಣ್ಣನ್ನು ಮುಚ್ಚಿತು, ಯಾರೂ ನೋಡದಿರಲಿ ಎನ್ನುವ ಹಾಗೆ. ನಾನು ನನ್ನ ಕಣ್ಣಿನ ಮೇಲಿದ್ದ ಕೈಯನ್ನು ಕೆಳಗಿಳಿಸಿದೆ.

“ಕೈ ತೆಗಿ. ಮಗುಗೆ ಏನೂ ಆಗಿಲ್ಲ” ಎಂದೆ. “ನನಗೂ ಏನೂ ಆಗಿರಲಿಲ್ಲ.”