ರೇಷನ್ ಕಾರ್ಡಿಗೆ ಮಾಸಿದ ಸೀರೆ

ಪಾಸ್‌ಪೋರ್ಟ್ ಫೋಟೊಗೆಂದು ಇವತ್ತು ಒಳ್ಳೆಯ ಶರ್ಟ್ ತೆಗೆದೆ. ನುಸಿಗುಳಿಗೆಯ ವಾಸನೆಗೆ ಇಟ್ಟಮಡುವಿನ ಬಾಡಿಗೆ ಮನೆ, ಅಜ್ಜಿಯ ಟ್ರಂಕು ನೆನಪಾಯಿತು. ಅಂದು ರೇಷನ್ ಕಾರ್ಡಿಗೆ ಮನೆಮಂದಿಯ ಫೋಟೊ ತೆಗೆಯುವವರಿದ್ದರು. ನಾನು ತೊಟ್ಟಿದ್ದ ಹಬ್ಬದ ಅಂಗಿಯನ್ನು ಅಜ್ಜಿ ಬಿಚ್ಚಿಸಿ ಟ್ರಂಕಿಗೆ ಹಾಕಿದಳು.

“ಚೆನ್ನಾಗಿ ಕಂಡ್ರೆ ಕಾರ್ಡ್ ಕೊಡಲ್ಲ ಕಣೋ. ಅವ್ರು ಮೊದ್ಲು ನೋಡೋದೇ ಕತ್ತು, ಕೈ.”

ತಾನೂ ಓಲೆ ಬಿಚ್ಚಿಟ್ಟು, ಮಾಸಿದ ಸೀರೆಯುಟ್ಟು ಹೊರಟಳು. ಸಾಲಿನಲ್ಲಿ ನಮ್ಮ ಓನರ್ ಆಂಟಿಯೂ ಹಳೇ ಸೀರೆಯಲ್ಲಿ ನಿಂತಿದ್ದರು. ಕೈತುಂಬ ಇರುತ್ತಿದ್ದ ಚಿನ್ನದ ಬಳೆಗಳಲ್ಲಿ ಒಂದೂ ಇರಲಿಲ್ಲ.

“ನೋಡ್ದ್ಯಾ, ಎಂಥಾ ನಾಟಕ,” ಎಂದು ಅಜ್ಜಿ ನನ್ನ ಕಿವಿಯಲ್ಲಿ ಗೊಣಗಿದಳು. “ಸ್ವಲ್ಪ ನಗಿ ಅಜ್ಜಿ,” ಎಂದ ಕ್ಯಾಮೆರಾದವನನ್ನೂ ಗುರಾಯಿಸಿದಳು.

ಅಜ್ಜಿ ಹೋದಾಗ ಗೋಡೆಗೆ ಹಾಕಲು ಸಿಕ್ಕಿದ್ದು ಅದೊಂದೇ ಫೋಟೊ. ಶರ್ಟಿನ ಗುಂಡಿ ಹಾಕಿಕೊಳ್ಳುತ್ತಿರುವ ನನ್ನನ್ನು ಈಗಲೂ ಅಲ್ಲಿಂದ ಗುರಾಯಿಸುತ್ತಿದ್ದಾಳೆ.